ಜ್ವರಕ್ಕೆ ಕೂತ ಆಟದ ಪೆಟ್ಟಿಗೆ

ನಮ್ಮ ಮನೆಯಲ್ಲಿ ಒಗ್ಗರಣೆಗೂ ರಜೆ ಇತ್ತು. ಹಬ್ಬಕ್ಕಲ್ಲ, ಸೂತಕಕ್ಕಲ್ಲ, ಹುಳು ಜ್ವರಕ್ಕೆ ಕೂತಾಗ. ಹುತ್ತೂರಿನಲ್ಲಿ ರೇಷ್ಮೆ ಸಾಕುವ ಮನೆಯಲ್ಲಿ ಹುಟ್ಟಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಮಿಕ್ಕವರಿಗಾಗಿ ಹೇಳುತ್ತೇನೆ. ರೇಷ್ಮೆ ಹುಳು ಗೂಡು ಕಟ್ಟುವ ಮುಂಚೆ ನಾಲ್ಕು ಸಲ ಪೊರೆ ಬಿಡುತ್ತದೆ. ಪ್ರತಿ ಸಲವೂ ಸೊಪ್ಪು ತಿನ್ನುವುದು ನಿಲ್ಲಿಸಿ, ತಲೆ ಎತ್ತಿಕೊಂಡು, ಕಲ್ಲಿನ ಹಾಗೆ ಕೂತುಬಿಡುತ್ತದೆ. ಅದಕ್ಕೆ ನಮ್ಮ ಕಡೆ ಜ್ವರ ಎನ್ನುತ್ತಾರೆ. ಆಗ ತಟ್ಟೆ ಅಲುಗಿಸುವಂತಿಲ್ಲ, ಸೊಪ್ಪು ಹಾಕುವಂತಿಲ್ಲ, ಹೊರಗಿನವರು ಒಳಗೆ ಬರುವಂತಿಲ್ಲ. ಘಾಟು ಹುಳಕ್ಕೆ ಆಗುವುದಿಲ್ಲವೆಂದು ಅಡುಗೆಮನೆಯಲ್ಲಿ ಮೆಣಸಿನಕಾಯಿ ಹುರಿಯುವಂತಿಲ್ಲ, ಸಾರಿಗೆ ಒಗ್ಗರಣೆ ಹಾಕುವಂತಿಲ್ಲ. ಅವತ್ತು ಬೇಯಿಸಿದ ಬೇಳೆಗೆ ಉಪ್ಪು ಹುಳಿ ಹಾಕಿ ಮುದ್ದೆಯ ಪಕ್ಕಕ್ಕೆ ಬಿಡುತ್ತಿದ್ದರು. ಅಪ್ಪ ಅದನ್ನು ಆಸ್ಪತ್ರೆ ಸಾರು ಎಂದು ಕರೆಯುತ್ತಿದ್ದರು. ಜ್ವರ ಹುಳಕ್ಕೆ, ಪಥ್ಯ ನಮಗೆ.

ಮನೆ ಉದ್ದಕ್ಕೆ ಇತ್ತು. ಮುಂದೆ ಜಗಲಿ, ಒಳಗೆ ನಡುಮನೆ, ಅದರ ಎಡಕ್ಕೆ ಅಡುಗೆಮನೆ, ಹಿಂದಕ್ಕೆ ಹುಳುಮನೆ. ಮನೆಯಲ್ಲಿ ಎಲ್ಲಕ್ಕಿಂತ ತಂಪಾದ, ಗಾಳಿಯಾಡುವ, ಎತ್ತರದ ಜಾಗ ಹುಳುಗಳದ್ದು. ಅವಕ್ಕೆ ಬೇಡವಾದ ಜಾಗದಲ್ಲಿ ನಾವು ಮಲಗುತ್ತಿದ್ದೆವು. ಬೇಸಿಗೆಯಲ್ಲಿ ಹುಳುಮನೆಯ ಕಿಟಕಿಗಳಿಗೆ ಗೋಣಿಚೀಲ ನೇತುಹಾಕಿ ಗಂಟೆಗೊಮ್ಮೆ ನೀರು ಚಿಮುಕಿಸುತ್ತಿದ್ದರು, ಒಳಗೆ ಕಾಲಿಟ್ಟರೆ ಬಾವಿಯೊಳಗೆ ಇಳಿದಷ್ಟು ತಣ್ಣಗಿರುತ್ತಿತ್ತು. ತಟ್ಟೆಗಳ ಸ್ಟ್ಯಾಂಡಿನ ಒಂದೊಂದು ಕಾಲಿನ ಕೆಳಗೂ ನೀರು ತುಂಬಿದ ಬಟ್ಟಲು, ಇರುವೆ ಹತ್ತದಿರಲಿ ಎಂದು. ನಮ್ಮ ಮಂಚದ ಕಾಲಿಗೆ ಅಂಥ ಮರ್ಯಾದೆ ಯಾವತ್ತೂ ಸಿಗಲಿಲ್ಲ. ಹುಳು ದೊಡ್ಡದಾದ ಮೇಲೆ ಸೊಪ್ಪು ತಿನ್ನುವ ಸದ್ದು ಗೋಡೆಯಾಚೆಗೂ ಕೇಳಿಸುತ್ತಿತ್ತು. ಆ ಸದ್ದು ಇಲ್ಲದಿದ್ದರೆ ನನಗೆ ಈಗಲೂ ಬೇಗ ನಿದ್ದೆ ಬರುವುದಿಲ್ಲ.

ಆ ಹುಳುಮನೆಗೆ ಯಜಮಾನಿ ರತ್ನಮ್ಮತ್ತೆ. ಅಪ್ಪನ ಅಕ್ಕ. ಮದುವೆಯಾಗಿ ಮಾಸ್ತಿಯ ಕಡೆ ಹೋದವರು, ಗಂಡ ತೀರಿಕೊಂಡ ಮೇಲೆ ಒಂದು ಟ್ರಂಕು ಹಿಡಿದುಕೊಂಡು ವಾಪಸು ಬಂದಿದ್ದರು. ನನಗೆ ಬುದ್ಧಿ ಬರುವ ಹೊತ್ತಿಗೆ ಅವರಿಲ್ಲದೆ ನಮ್ಮ ಮನೆಯಲ್ಲಿ ಒಂದು ಎಲೆಯೂ ಅಲ್ಲಾಡುತ್ತಿರಲಿಲ್ಲ. ಯಾವ ತಟ್ಟೆ ಯಾವಾಗ ಜ್ವರಕ್ಕೆ ಕೂರುತ್ತದೆ, ಯಾವಾಗ ಏಳುತ್ತದೆ ಎಂದು ವಾಸನೆಯಲ್ಲೇ ಹೇಳುತ್ತಿದ್ದರು. ಆದರೆ ಹೊಲ ಅಪ್ಪನ ಮತ್ತು ಚಿಕ್ಕಪ್ಪನ ಹೆಸರಲ್ಲಿತ್ತು, ಡೈರಿಯ ಹಾಲಿನ ಪುಸ್ತಕ ಅಮ್ಮನ ಹೆಸರಲ್ಲಿತ್ತು. ರೇಷನ್ ಕಾರ್ಡಿನಲ್ಲಿ ಅತ್ತೆಯ ಹೆಸರು ಎಲ್ಲರಿಗಿಂತ ಕೆಳಗೆ, ನನ್ನ ಹೆಸರಿಗಿಂತಲೂ ಕೆಳಗೆ. ಅದರ ಬಗ್ಗೆ ಅವರು ಒಂದು ದಿನವೂ ಮಾತೆತ್ತಿದ್ದಿಲ್ಲ. ಸಮಾಧಾನವಿದ್ದಾಗ ಕನ್ನಡ, ಸಿಟ್ಟು ಬಂದರೆ ತೆಲುಗು. ಅವರು ‘ಊರಕೆ ಉಂಡ್ರಾ’ ಎಂದರೆ, ಸುಮ್ಮನಿರೋ ಎಂದು, ಮೀಸೆ ಬಂದ ತಮ್ಮಂದಿರಿಬ್ಬರೂ ಬಾಯಿ ಮುಚ್ಚಿಕೊಳ್ಳುತ್ತಿದ್ದರು.

ಚಿಕ್ಕಪ್ಪ ಕೋಲಾರದ ಬಸ್‌ಸ್ಟ್ಯಾಂಡಿನ ಹಿಂದೆ ಒಂದು ವಿಡಿಯೋ ಗೇಮ್ ಅಂಗಡಿ ಇಟ್ಟಿದ್ದ. ಕಾಲೇಜು ಹುಡುಗರು ಬಂದು ಗಂಟೆಯ ಲೆಕ್ಕದಲ್ಲಿ ಕಾರು ಓಡಿಸಿ, ಗುದ್ದಾಡಿ ಹೋಗುತ್ತಿದ್ದರು. ಪಕ್ಕದಲ್ಲೇ ಇಂಟರ್‌ನೆಟ್ ಅಂಗಡಿಗಳು ಎದ್ದ ಮೇಲೆ ಹುಡುಗರು ಆ ಕಡೆ ತಿರುಗಿದರು. ಟಿವಿಗೆ ಚುಚ್ಚಿ ಆಡುವ ಹೊಸ ಮಾದರಿಯ ಪೆಟ್ಟಿಗೆ ತಂದರೆ ವಾಪಸು ಬರುತ್ತಾರೆಂದು ಒಂದು ತಂದ, ಬರಲಿಲ್ಲ. ಕೊನೆಗೆ ಅಂಗಡಿಯ ಬಾಗಿಲು ಹಾಕಿ, ಆ ಹೊಸ ಪೆಟ್ಟಿಗೆಯನ್ನೂ ಯುಪಿಎಸ್ಸನ್ನೂ ಗೋಣಿಚೀಲದಲ್ಲಿ ಸುತ್ತಿಕೊಂಡು ಬಸ್ಸಿನಲ್ಲಿ ತೊಡೆಯ ಮೇಲಿಟ್ಟುಕೊಂಡು ಬಂದ. ಅಂಗಡಿ ಮುಚ್ಚಿದ ಬೇಜಾರು ಮುಖದಲ್ಲಿತ್ತು. ಅಮ್ಮ ಕಾಫಿ ಕೊಟ್ಟಳು, ಅಪ್ಪ ಬೈಯಲಿಲ್ಲ, ನಾನು ಮಾತ್ರ ನಾಚಿಕೆಯಿಲ್ಲದೆ ಕುಣಿದೆ. ಇಡೀ ಹುತ್ತೂರಿನಲ್ಲಿ ಅಂಥದ್ದು ಇನ್ನೊಂದಿರಲಿಲ್ಲ.

ಕಾರಿನ ಆಟ ನನಗೆ ಹಿಡಿಸಲಿಲ್ಲ, ನನ್ನ ಕಾರು ಯಾವಾಗಲೂ ಗೋಡೆಗೇ ಹೋಗುತ್ತಿತ್ತು. ನನಗೆ ಇಷ್ಟವಾಗಿದ್ದು ತೋಟದ ಆಟ. ಒಂದು ಹಾಳು ಬಿದ್ದ ಜಮೀನು ಕೊಡುತ್ತಾರೆ. ಕಲ್ಲು ಆರಿಸಬೇಕು, ಉಳಬೇಕು, ಬೀಜ ಹಾಕಬೇಕು, ದನ ಕೋಳಿ ಸಾಕಬೇಕು. ಅಪ್ಪನಿಗೆ ಅದನ್ನು ನೋಡಿ ನಗು ತಡೆಯಲಾಗಲಿಲ್ಲ. ದಿನವಿಡೀ ಹೊರಗೆ ಮಾಡಿದ್ದು ಸಾಲದು ಅಂತ ಒಳಗೆ ಬಂದೂ ಕಳೆ ಕೀಳ್ತಾರಲ್ಲ ಎಂದು ಜಗಲಿಯಲ್ಲಿ ಕೂತವರಿಗೆಲ್ಲ ಹೇಳಿದರು. ಅತ್ತೆ ಮೊದಮೊದಲು ಬಾಗಿಲಲ್ಲಿ ನಿಂತು, ಮೊರದಲ್ಲಿ ಅವರೆಕಾಯಿ ಸುಲಿಯುತ್ತ ನೋಡುತ್ತಿದ್ದರು. ನೋಡುತ್ತ ನೋಡುತ್ತ ಒಂದು ದಿನ ತಡೆಯಲಾಗಲಿಲ್ಲ.

“ಏನೇ ಅದು, ನೆತ್ತಿ ಮೇಲೆ ಬಿಸಿಲು ಇರೋವಾಗ ಟೊಮೇಟೊಗೆ ನೀರು ಬಿಡ್ತೀಯ? ಬೇರು ಬೆಂದೋಗಲ್ವ?”

“ಇದು ಆಟ ಅತ್ತೆ. ಇದರಲ್ಲಿ ಬೇರು ಬೇಯಲ್ಲ.”

“ಆಟ ಆದ್ರೇನು, ಗಿಡ ಗಿಡಾನೇ. ಸರಿ ಆ ಕಡೆ. ಅದನ್ನ ಕೊಡಿಲ್ಲಿ.”

ಅದನ್ನು ಎಂದರೆ ಕೈಯಲ್ಲಿ ಹಿಡಿಯುವ ರಿಮೋಟನ್ನು. ಸೊಪ್ಪು ಕುಯ್ದು ಕುಯ್ದು ಗಟ್ಟಿಯಾದ ಅವರ ಬೆರಳಿಗೆ ಆ ಸಣ್ಣ ಗುಂಡಿಗಳು ಮೊದಲು ಸಿಕ್ಕಲೇ ಇಲ್ಲ. ಒಂದು ವಾರ ಅವರ ರೈತ ಬೇಲಿಗೆ ಡಿಕ್ಕಿ ಹೊಡೆಯುತ್ತಲೇ ಇದ್ದ. ಆಮೇಲೆ ಒಂದು ಸಲ ಹದ ಸಿಕ್ಕಿತು ನೋಡಿ, ನನ್ನ ಕೈಗೆ ರಿಮೋಟು ವಾಪಸು ಬರುವುದೇ ಕಷ್ಟವಾಯಿತು. ಮೊದಲಿಂದ ಶುರುಮಾಡೋಣ, ನನ್ನದೇ ಬೇರೆ ಹಾಕಿಕೊಡು ಎಂದರು. ಹೊಸದಾಗಿ ಶುರುಮಾಡುವಾಗ ಆಟ ಹೆಸರು ಕೇಳುತ್ತದೆ. ನಾನು ಇಂಗ್ಲಿಷಿನಲ್ಲಿ ರತ್ನ ಎಂದು ಹಾಕಿದೆ. ಮರುಕ್ಷಣ ತೋಟದ ಗೇಟಿನ ಮೇಲೆ ಮರದ ಬೋರ್ಡು, ಅದರಲ್ಲಿ ಅವರ ಹೆಸರು.

“ಏನು ಬರೆದದೆ ಅಲ್ಲಿ?”

“ನಿನ್ನ ಹೆಸರು. ಈ ತೋಟ ನಿನ್ನ ಹೆಸರಲ್ಲಿದೆ ಅತ್ತೆ.”

“ಪಹಣೀಲೂ?”

“ಪಹಣೀಲೂ ನಿಂದೇ.”

ಅತ್ತೆ ಸೆರಗಿನಿಂದ ಬಾಯಿ ಮುಚ್ಚಿಕೊಂಡು ನಕ್ಕರು. ಅವರು ಹಾಗೆ ಕಣ್ಣಲ್ಲಿ ನೀರು ಬರುವಷ್ಟು ನಕ್ಕಿದ್ದನ್ನು ನಾನು ಅದಕ್ಕೆ ಮುಂಚೆ ನೋಡಿರಲಿಲ್ಲ. ನನಗೂ ಏನೋ ದೊಡ್ಡದನ್ನು ಬರೆದುಕೊಟ್ಟ ಶಾನುಭೋಗರ ಹೆಮ್ಮೆ ಬಂತು. ಇಂಗ್ಲಿಷಿನ ಮಿಕ್ಕ ಅಕ್ಷರ ಒಂದೂ ಬಾರದಿದ್ದರೂ ಆ ಬೋರ್ಡಿನ ಅಕ್ಷರಗಳನ್ನು ಅತ್ತೆ ಗುರುತು ಮಾಡಿಕೊಂಡರು. ಬಸ್ಸಿನ ಮೇಲೋ ಸೋಪಿನ ಕಾಗದದ ಮೇಲೋ ಅವುಗಳಲ್ಲಿ ಒಂದು ಕಂಡರೂ ‘ನನ್ನ ಅಕ್ಷರ’ ಎಂದು ಬೆರಳಿಟ್ಟು ತೋರಿಸುತ್ತಿದ್ದರು.

ಎರಡು ಬೇಸಿಗೆ ಕಳೆಯುವಷ್ಟರಲ್ಲಿ ಆ ತೋಟ ನೋಡುವಂಥದ್ದಾಗಿತ್ತು. ಸಾಲು ಸಾಲಾಗಿ ಟೊಮೇಟೊ, ಈರುಳ್ಳಿ, ಬೇಲಿಯ ಉದ್ದಕ್ಕೂ ಹೂವು. ಗೌರಿ ಎಂದು ಹೆಸರಿಟ್ಟ ಕಂದು ಹಸು, ಅದಕ್ಕೊಂದು ಕರು. ಮಧ್ಯಾಹ್ನದ ಸೊಪ್ಪು ಹಾಕಿ, ಕೈ ತೊಳೆದು, ಹಣೆಗೆ ಹೊಸದಾಗಿ ವಿಭೂತಿ ಇಟ್ಟುಕೊಂಡು ಅತ್ತೆ ಟಿವಿ ಮುಂದೆ ಕೂರುತ್ತಿದ್ದರು. ಅದೇ ಹೊತ್ತಿಗೆ ಅಪ್ಪನಿಗೆ ವಾರ್ತೆ ಬೇಕು, ಅಮ್ಮನಿಗೆ ಧಾರಾವಾಹಿ ಬೇಕು. ಅಪ್ಪ ಬಾಗಿಲಲ್ಲಿ ನಿಂತು ಕೆಮ್ಮುತ್ತಿದ್ದರು, ಅತ್ತೆ ತಿರುಗುತ್ತಿರಲಿಲ್ಲ. “ಗೌರಿಗೆ ಮೇವು ಹಾಕಿಬಿಟ್ಟು ಬಿಡ್ತೀನಪ್ಪ” ಎನ್ನುತ್ತಿದ್ದರು. ಕೊಟ್ಟಿಗೆಯಲ್ಲಿ ನಿಜವಾದ ಹಸು ಅಂಬಾ ಎನ್ನುತ್ತಿರುತ್ತಿತ್ತು. ಅದಕ್ಕೆ ಮೇವು ಹಾಕಲು ಅಪ್ಪನೇ ಎದ್ದು ಹೋಗುತ್ತಿದ್ದರು.

ಮೂರನೆಯ ಬೇಸಿಗೆಗೆ ಪೆಟ್ಟಿಗೆ ಕಾಯತೊಡಗಿತು. ಒಳಗಿನ ಫ್ಯಾನು ರಾಗಿ ಮಿಷನ್ನಿನ ಹಾಗೆ ಕೂಗುತ್ತಿತ್ತು, ಅರ್ಧ ಗಂಟೆಗೆ ತಾನೇ ಆರಿಹೋಗುತ್ತಿತ್ತು. ಚಿಕ್ಕಪ್ಪ ಬೆಂಗಳೂರಿನ ರಿಪೇರಿಯವರನ್ನು ಫೋನಿನಲ್ಲಿ ವಿಚಾರಿಸಿದ. ಸರಿಮಾಡಿಕೊಡುತ್ತೇವೆ, ಆದರೆ ಒಳಗಿರುವುದನ್ನೆಲ್ಲ ಅಳಿಸಿಯೇ ಕೊಡುವುದು, ಹೊಸದರ ಹಾಗೆ ಖಾಲಿ ಬರುತ್ತದೆ ಎಂದರಂತೆ. ಚಿಕ್ಕಪ್ಪ ಇದನ್ನು ಊಟದ ಹೊತ್ತಿಗೆ ಹೇಳಿದ. ಅತ್ತೆ ಮುದ್ದೆ ಮುರಿಯುತ್ತಿದ್ದ ಕೈ ನಿಲ್ಲಿಸಿದರು.

“ಎಲ್ಲಾ ಅಂದ್ರೆ? ನನ್ನ ತೋಟಾನೂ?”

“ಹೌದಕ್ಕ. ಬೇಕಿದ್ರೆ ಮತ್ತೆ ಮೊದಲಿಂದ ಮಾಡ್ಕೊಬಹುದು. ಆಟ ತಾನೆ.”

“ಕುಂಬಾರನಿಗೆ ವರ್ಷ, ದೊಣ್ಣೆಗೆ ನಿಮಿಷ” ಎಂದರು ಅತ್ತೆ. ಎದ್ದು ಕೈ ತೊಳೆದು ಹುಳುಮನೆಗೆ ಹೋದರು. ಆಗ ಹುಳುಮನೆಯಲ್ಲಿ ಹುಳುಗಳೇ ಇರಲಿಲ್ಲ. ಗೂಡು ಬಿಡಿಸಿ ಮಾರ್ಕೆಟ್ಟಿಗೆ ಕಳಿಸಿ, ತಟ್ಟೆ ತೊಳೆದು ಬಿಸಿಲಿಗೆ ಹಾಕಿದ್ದ ಸಮಯ. ಖಾಲಿ ಕೋಣೆಯಲ್ಲಿ ಅವರು ಏನು ಮಾಡುತ್ತಿದ್ದಾರೆಂದು ಇಣುಕಿ ನೋಡಿದೆ. ಕಿಟಕಿಯ ಕಟ್ಟೆಯ ಮೇಲೆ ಸುಮ್ಮನೆ ಕೂತಿದ್ದರು. ನನಗೆ ಅಳು ಬಂತು. ಬೇರೆಯವರಿಗೆ ಅದು ಆಟವಾಗಿತ್ತು, ಆ ಬೋರ್ಡು ನೆಟ್ಟ ನನಗೆ ಹಾಗನ್ನಿಸಲಿಲ್ಲ. ಅಮ್ಮ ನನ್ನ ಹಿಂದೆಯೇ ಬಂದು ನೋಡಿದವಳು ನೇರವಾಗಿ ಚಿಕ್ಕಪ್ಪನ ತಟ್ಟೆಯ ಮುಂದೆ ಹೋಗಿ ನಿಂತಳು.

“ಅದೇನು ದಾರಿ ಇದೆಯೋ ಹುಡುಕಪ್ಪ. ಅಲ್ಲೀವರ್ಗೂ ಆ ಪೆಟ್ಟಿಗೆ ಈ ಹೊಸಲು ದಾಟೋ ಹಂಗಿಲ್ಲ.”

ಚಿಕ್ಕಪ್ಪ ದಾರಿ ಹುಡುಕಿದ. ಕೋಲಾರದಲ್ಲಿ ಫೋಟೋ ಸ್ಟುಡಿಯೋ ಇಟ್ಟಿದ್ದ ಸ್ನೇಹಿತನ ಹತ್ತಿರ ಹೊರಗಿನಿಂದ ಚುಚ್ಚುವ ಹಾರ್ಡ್ ಡಿಸ್ಕ್ ಒಂದನ್ನು ತಂದ. ಕಪ್ಪಗೆ, ಒಂದು ಸೋಪಿನ ಪೆಟ್ಟಿಗೆಯಷ್ಟಿತ್ತು. ಆಟದ ಪೆಟ್ಟಿಗೆಯಲ್ಲಿರುವುದನ್ನು ಇದಕ್ಕೆ ತುಂಬಿಟ್ಟುಕೊಂಡರೆ, ರಿಪೇರಿಯಾಗಿ ಬಂದ ಮೇಲೆ ವಾಪಸು ಸುರಿಯಬಹುದು. ಅತ್ತೆಯ ತೋಟ ಒಂದನ್ನೇ ತೆಗೆಯಲು ನೋಡಿದ. ಆ ಫೈಲಿಗೆ ಬೀಗವಿದೆ, ನಕಲು ಮಾಡಲಾಗದು ಎಂದು ಪರದೆಯ ಮೇಲೆ ಬಂತು. ಒಂದೇ ಉಪಾಯ ಉಳಿದಿದ್ದು: ಪೆಟ್ಟಿಗೆಯಲ್ಲಿರುವುದನ್ನೆಲ್ಲ ಇಡಿಯಾಗಿ ಒಂದೇ ಸಲ ಡಿಸ್ಕಿಗೆ ಇಳಿಸುವುದು. ಅದಕ್ಕೆ ಬೆಳಗಿನಿಂದ ಮಧ್ಯಾಹ್ನದವರೆಗೆ ಬೇಕು. ನಡುವೆ ಕರೆಂಟು ಹೋಗಬಾರದು, ಪೆಟ್ಟಿಗೆ ಕಾದು ಆರಬಾರದು, ವೈರು ಅಲುಗಬಾರದು. ನಡುವೆ ನಿಂತರೆ ಇಳಿದಷ್ಟೂ ಹಾಳು. ಇನ್ನೊಂದು ಮಾತನ್ನೂ ಸೇರಿಸಿದ: ತುಂಬಿಟ್ಟದ್ದು ಇದೇ ಪೆಟ್ಟಿಗೆಗೆ ಮಾತ್ರ ವಾಪಸು ಹೋಗುತ್ತದೆ, ಬೇರೆಯದಕ್ಕೆ ಹೋಗುವುದಿಲ್ಲ.

ಅತ್ತೆ ಎಲ್ಲವನ್ನೂ ಗಮನವಿಟ್ಟು ಕೇಳಿದರು. ಕೇಳಿ ಮುಗಿದ ಮೇಲೆ ಅವರ ಮುಖಕ್ಕೆ ಕಳೆ ಬಂತು.

“ಅಲುಗಾಡಿಸಬಾರದು, ಕಾವು ಏರಬಾರದು, ಆಗೋವರ್ಗೂ ಕಾಯಬೇಕು. ಇಷ್ಟೇ ತಾನೆ? ಇದು ಜ್ವರ ಕಣೋ. ಇದನ್ನ ನನಗೆ ಹೇಳಿಕೊಡ್ತೀಯೇನೋ ನೀನು?”

ಅಲ್ಲಿಂದ ಮುಂದಕ್ಕೆ ಆ ಕೆಲಸ ಚಿಕ್ಕಪ್ಪನ ಕೈಯಿಂದ ಜಾರಿ ಅತ್ತೆಯ ಕೈಗೆ ಹೋಯಿತು. ಟಿವಿಯನ್ನೂ ಪೆಟ್ಟಿಗೆಯನ್ನೂ ಹುಳುಮನೆಗೆ ಸಾಗಿಸಲಾಯಿತು, ಮನೆಯಲ್ಲಿ ತಂಪಾದ ಜಾಗ ಅದೇ ಆದ್ದರಿಂದ. ಕಿಟಕಿಗಳಿಗೆ ಗೋಣಿಚೀಲ ಬಿತ್ತು, ಅಪ್ಪನ ಕೈಗೆ ನೀರಿನ ಚೊಂಬು ಬಂತು. ಪೆಟ್ಟಿಗೆಯನ್ನು ಹುಳು ತಟ್ಟೆಯ ಸ್ಟ್ಯಾಂಡಿನ ಮೇಲಿಟ್ಟರು, ಅದರ ಕಾಲುಗಳ ಕೆಳಗೆ ನೀರಿನ ಬಟ್ಟಲು. ಹಾರ್ಡ್ ಡಿಸ್ಕಿಗೆ ಇರುವೆ ಹತ್ತುತ್ತದೆಯೇ ಎಂದು ಕೇಳುವ ಧೈರ್ಯ ಯಾರಿಗೂ ಇರಲಿಲ್ಲ. ಅಮ್ಮ ಅಭ್ಯಾಸಬಲದಿಂದ ಸುಣ್ಣದ ಪುಡಿಯ ಡಬ್ಬ ತಂದು, ಜ್ವರದ ತಟ್ಟೆಗೆ ಉದುರಿಸುವ ಹಾಗೆ ಪೆಟ್ಟಿಗೆಯ ಮೇಲೆ ಉದುರಿಸಲು ಕೈ ಎತ್ತಿದಳು. ಚಿಕ್ಕಪ್ಪ ಓಡಿಬಂದು ಅವಳ ಕೈ ಹಿಡಿದುಕೊಂಡ. “ಅತ್ತಿಗೆ, ಫ್ಯಾನ್ ಒಳಗೆ ಹೋಗ್ತದೆ” ಎಂದ. ಕೊನೆಗೆ ರಾಜಿಯಾಗಿ ಬಾಗಿಲಲ್ಲಿ ಒಂದು ಗೆರೆ ಸುಣ್ಣ ಎಳೆದು, ಕಾಲು ತೊಳೆಯದೆ ಯಾರೂ ಅದನ್ನು ದಾಟಬಾರದೆಂದು ತೀರ್ಮಾನವಾಯಿತು.

ಕರೆಂಟಿನ ವಿಷಯಕ್ಕೆ ಲೈನ್‌ಮನ್ನನ್ನು ಕರೆದು ಕಾಫಿ ಕೊಟ್ಟು ಕೇಳಿದರು. ಗುರುವಾರ ಬೆಳಗ್ಗೆಯಿಂದ ಮಧ್ಯಾಹ್ನದವರೆಗೆ ತೆಗೆಯುವುದಿಲ್ಲ, ಆದರೂ ನನ್ನ ಮಾತು ನಂಬಿ ಕೂರಬೇಡಿ ಎಂದು ಪ್ರಾಮಾಣಿಕವಾಗಿ ಹೇಳಿದ. ಸ್ವಲ್ಪ ಹೊತ್ತಿನ ಮಟ್ಟಿಗೆ ಚಿಕ್ಕಪ್ಪನ ಹಳೇ ಯುಪಿಎಸ್ ತಡೆಯುತ್ತಿತ್ತು. ಉಳಿದ ತೊಂದರೆ ನಮ್ಮ ಬೀದಿಯ ಕೊನೆಯ ಹಿಟ್ಟಿನ ಗಿರಣಿ. ಅದು ಶುರುವಾದರೆ ನಮ್ಮ ಟಿವಿಯ ಚಿತ್ರ ಸಣ್ಣಗಾಗುತ್ತಿತ್ತು, ಯುಪಿಎಸ್ ಬಡಕೊಳ್ಳುತ್ತಿತ್ತು.

ಗುರುವಾರ ಬೆಳಗ್ಗೆ ಅತ್ತೆ ಸ್ನಾನ ಮಾಡಿ, ಡಿಸ್ಕಿಗೆ ಕೈಮುಗಿದು, ಶುರುಮಾಡು ಎಂದರು. ನಾನು ಗುಂಡಿ ಒತ್ತಿದೆ. ಪರದೆಯ ಮೇಲೆ ಉದ್ದನೆಯ ಪಟ್ಟಿ ಬಂತು, ಅದರ ಎಡತುದಿಯಲ್ಲಿ ಕೂದಲೆಳೆಯಷ್ಟು ಹಸಿರು. ಅಡುಗೆಮನೆಯಲ್ಲಿ ಮಿಕ್ಸಿ ಬಂದ್, ಒಗ್ಗರಣೆ ಬಂದ್.

“ಹುಳಕ್ಕಾದ್ರೆ ಸರಿ ಕಣಕ್ಕ. ಮಿಷನ್ನಿಗೆ ಮೂಗು ಎಲ್ಲದೆ, ಒಗ್ಗರಣೆ ಘಾಟು ಹತ್ತೋಕೆ?” ಎಂದು ಅಪ್ಪ ಕೇಳಿದರು.

“ನಿನಗೆ ಗೊತ್ತೇನೋ, ಇಲ್ಲ ಅಂತ? ಊರಕೆ ಉಂಡ್ರಾ.”

ಅಪ್ಪ ಚೊಂಬು ಹಿಡಿದು ಕಿಟಕಿಯ ಕಡೆ ನಡೆದರು. ನನ್ನನ್ನು ಪೆಟ್ಟಿಗೆಯ ಮುಂದೆ ಚಾಪೆ ಹಾಕಿ ಕೂರಿಸಿದ ಅತ್ತೆ, ಮುಖದ ಹತ್ತಿರ ಮುಖ ತಂದು ಮೆಲ್ಲಗೆ ಹೇಳಿದರು.

“ಅಮ್ಮಣ್ಣಿ, ಜ್ವರದ ಹುಳ ಸತ್ತಂಗೆ ಕಾಣ್ತದೆ. ಸತ್ತಿರಲ್ಲ. ಅವಸರ ಮಾಡ್ದೋರೇ ಅದನ್ನ ಕೊಲ್ಲೋದು. ನಾನಿಲ್ಲದಾಗ ಯಾರು ಏನೇ ಅಂದ್ರೂ ಮುಟ್ಟೋಕೆ ಬಿಡಬೇಡ.”

ಹೀಗೆಂದು ಅವರು ಗಿರಣಿಗೆ ಹೊರಟರು. ಅಲ್ಲಿ ನಡೆದದ್ದನ್ನು ಆಮೇಲೆ ಊರೇ ಹೇಳಿತು. ರಾಗಿ ಚೀಲ ಹಿಡಿದ ಹೆಂಗಸರು ಆಗಲೇ ಸಾಲು ನಿಂತಿದ್ದರಂತೆ. ಅತ್ತೆ ಬಾಗಿಲಲ್ಲೇ ಕಲ್ಲಿನ ಮೇಲೆ ಕೂತು, ಮನೆಯಲ್ಲಿ ಜ್ವರಕ್ಕೆ ಕೂತಿದೆ, ಮಧ್ಯಾಹ್ನದವರೆಗೆ ಮಿಷನ್ನು ಹಾಕಬೇಡ ಎಂದು ಗಿರಣಿ ನಂಜುಂಡಪ್ಪನಿಗೆ ಹೇಳಿದರಂತೆ. ರೇಷ್ಮೆ ಊರಿನಲ್ಲಿ ಆ ಮಾತಿಗೆ ಎದುರು ಮಾತಿಲ್ಲ. ನಂಜುಂಡಪ್ಪ ಮಿಷನ್ನಿನ ಬೆಲ್ಟು ಬಿಚ್ಚಿಯೇಬಿಟ್ಟ. ಸಾಲಿನಲ್ಲಿದ್ದ ಒಬ್ಬಾಕೆಗೆ ಮಾತ್ರ ಅನುಮಾನ ಬಂತು.

“ರತ್ನಮ್ಮಕ್ಕ, ನಿಮ್ಮ ಗೂಡು ಮೊನ್ನೆ ತಾನೆ ಮಾರ್ಕೆಟ್ಟಿಗೆ ಹೋಯ್ತಲ್ಲ?”

“ಇದು ಬೇರೆ ಜಾತಿ ಹುಳ ಕಣಮ್ಮ. ತಟ್ಟೇಲಿ ಇಡೋದಲ್ಲ. ಕೂತ್ಕೊ, ಹೇಳ್ತೀನಿ” ಎಂದು ಅತ್ತೆ ಎಲೆಅಡಿಕೆ ಚೀಲ ಬಿಚ್ಚಿದರಂತೆ. ಗೌರಿಯ ಕಥೆ, ಕರುವಿನ ಕಥೆ, ಬಿಸಿಲಲ್ಲಿ ನೀರು ಬಿಟ್ಟರೂ ಬೇಯದ ಟೊಮೇಟೊದ ಕಥೆ ಎಲ್ಲವೂ ಆದವು. ಸಾಲಿನಲ್ಲಿದ್ದವರು ರಾಗಿ ಮರೆತು ಕೂತರು. ನಂಜುಂಡಪ್ಪ ತಾನೂ ಒಂದು ಎಲೆ ಹಾಕಿಕೊಂಡು, ಅಂಥ ಟೊಮೇಟೊದ ಬೀಜ ಎಲ್ಲಿ ಸಿಗುತ್ತದೆಂದು ವಿಚಾರಿಸಿದನಂತೆ.

ಇತ್ತ ಹುಳುಮನೆಯಲ್ಲಿ ಹಸಿರು ಪಟ್ಟಿ ಇಬ್ಬನಿ ಆರಿದಷ್ಟು ನಿಧಾನಕ್ಕೆ ಸರಿಯುತ್ತಿತ್ತು. ಒಮ್ಮೆ ಕರೆಂಟು ಹೋಯಿತು. ಯುಪಿಎಸ್ ಕೂಗಿಕೊಂಡಿತು, ನನ್ನ ಎದೆಯೂ ಕೂಗಿಕೊಂಡಿತು. ಅಪ್ಪ ಚೊಂಬು ಹಿಡಿದೇ ಬೀದಿಗೆ ಓಡಿದರು, ಅವರು ಕಂಬದ ಹತ್ತಿರ ತಲುಪುವುದರೊಳಗೆ ಕರೆಂಟು ಬಂತು. ಪಟ್ಟಿ ಮುಕ್ಕಾಲು ದಾಟಿ, ಇನ್ನು ಬಲತುದಿಗೆ ಬೆರಳಗಲ ಉಳಿದಿದೆ ಎನ್ನುವಾಗ ನಿಂತುಬಿಟ್ಟಿತು. ನಿಂತದ್ದು ನಿಂತೇ ಇತ್ತು. ಅಮ್ಮ ಬಾಗಿಲ ಸುಣ್ಣದ ಗೆರೆಯಾಚೆ ನಿಂತು ಕೈ ಹಿಸುಕಿಕೊಂಡಳು. ಬಿಸಿಲು ಕಿಟಕಿಯಿಂದ ಕಿಟಕಿಗೆ ಹೋಯಿತು, ಪಟ್ಟಿ ಮಾತ್ರ ಮಿಸುಕಲಿಲ್ಲ. ಫ್ಯಾನಿನ ಕೂಗು ಏರುತ್ತಿತ್ತು. ಚಿಕ್ಕಪ್ಪ ಬಂದು ಪೆಟ್ಟಿಗೆಯ ಮೈಗೆ ಅಂಗೈ ಇಟ್ಟು, ಸುಟ್ಟುಕೊಂಡವನ ಹಾಗೆ ತೆಗೆದ.

“ಹ್ಯಾಂಗ್ ಆಗಿದೆ ಕಣೇ. ಇನ್ನು ಬಿಟ್ರೆ ಪೆಟ್ಟಿಗೇನೇ ಸುಟ್ಟೋಗ್ತದೆ. ಆಫ್ ಮಾಡಿ ನಾಳೆ ಇನ್ನೊಂದು ಸಲ ನೋಡೋಣ.”

ಅವನ ಕೈ ಸ್ವಿಚ್ಚಿನ ಕಡೆ ಹೋಯಿತು. ನಾನು ಅಲ್ಲಿಯವರೆಗೆ ಮನೆಯಲ್ಲಿ ದೊಡ್ಡವರ ಮಾತಿಗೆ ಎದುರಾಡಿದವಳಲ್ಲ, ಸ್ಕೂಲಿನಲ್ಲಿ ಹಾಜರಿ ಕೂಗಿದರೂ ನನ್ನ ಉತ್ತರ ಪಕ್ಕದವಳಿಗೇ ಕೇಳಿಸುತ್ತಿರಲಿಲ್ಲ. ಆದರೆ ಆ ಹೊತ್ತಿಗೆ ನಾನು ಪಟ್ಟಿಯನ್ನು ನೋಡುವುದು ಬಿಟ್ಟು ಡಿಸ್ಕನ್ನು ನೋಡುತ್ತ ಕೂತಿದ್ದೆ. ಅದರ ಮೂಲೆಯಲ್ಲೊಂದು ಸಾಸಿವೆಯಷ್ಟು ದೀಪವಿತ್ತು. ಆರಿತು ಎಂದುಕೊಳ್ಳುವಷ್ಟರಲ್ಲಿ ಒಂದು ಸಲ ಮಿನುಗುತ್ತಿತ್ತು, ಮತ್ತೆ ಆರುತ್ತಿತ್ತು, ಮತ್ತೆ ಮಿನುಗುತ್ತಿತ್ತು. ಒಳಗೆ ಕೆಲಸ ನಡೆಯುತ್ತಿತ್ತು. ನಾನು ಎದ್ದು ಸ್ವಿಚ್ಚಿಗೆ ಎರಡೂ ಕೈ ಅಡ್ಡ ಇಟ್ಟೆ.

“ಊರಕೆ ಉಂಡು ಚಿಕ್ಕಪ್ಪ.”

ಮಾತು ಬಂದದ್ದು ತೆಲುಗಿನಲ್ಲಿ, ದನಿ ಬಂದದ್ದು ಥೇಟ್ ಅತ್ತೆಯದು. ಚಿಕ್ಕಪ್ಪ ಕೈ ಹಿಂದಕ್ಕೆ ತೆಗೆದ. ತನಗೆ ಮೀಸೆ ಇದೆ, ನನಗಿನ್ನೂ ಎರಡು ಜಡೆ ಎನ್ನುವುದು ನೆನಪಾಗಲು ಅವನಿಗೆ ಸ್ವಲ್ಪ ಹೊತ್ತು ಹಿಡಿಯಿತು.

“ಏನಣ್ಣ ಇದು, ಇವಳಿಗೂ ಬಂದುಬಿಡ್ತು” ಎಂದು ಅಪ್ಪನ ಕಡೆ ತಿರುಗಿದ. ಅಪ್ಪ ನಗು ನುಂಗಿಕೊಂಡು ಗೋಣಿಗೆ ನೀರು ಹೊಡೆದರು. ದೀಪ ತೋರಿಸಿದೆ. ಚಿಕ್ಕಪ್ಪ ಬಗ್ಗಿ ನೋಡಿದ, ತಲೆಯಾಡಿಸಿದ, ಚಾಪೆಯ ಮೇಲೆ ನನ್ನ ಪಕ್ಕದಲ್ಲಿ ಕೂತು ಅಂಗಡಿಯ ಹಳೇ ರೇಟು ಬೋರ್ಡಿನಿಂದ ಪೆಟ್ಟಿಗೆಗೆ ಗಾಳಿ ಬೀಸತೊಡಗಿದ. ಅಂಗಡಿ ಮುಚ್ಚಿದ ಮೇಲೆ ಅವನು ಅಷ್ಟು ಖುಷಿಯಾಗಿ ಕೂತದ್ದನ್ನು ನಾನು ನೋಡಿರಲಿಲ್ಲ. ಅಂಗಡಿಯಲ್ಲಿ ಯಾವ ಹುಡುಗ ಸೋತಾಗ ಏನು ಹೇಳಿ ಬಯ್ದುಕೊಳ್ಳುತ್ತಿದ್ದನೆಂದು ಒಬ್ಬೊಬ್ಬರ ದನಿ ತೆಗೆದು ತೋರಿಸಿದ. ನಾವಿಬ್ಬರೂ ನಗುತ್ತಿರುವಾಗಲೇ ಪಟ್ಟಿ ಒಂದು ಕೂದಲೆಳೆ ಸರಿಯಿತು. ಆಮೇಲೆ ಇನ್ನೊಂದು ಎಳೆ. ಆಮೇಲೆ ತುದಿ ಮುಟ್ಟಿತು.

ನಾನು ಈಗ ಕೋಲಾರದಲ್ಲಿ ಹೆರಿಗೆ ವಾರ್ಡಿನ ನರ್ಸ್. ಅಲ್ಲಿ ನನ್ನ ಅರ್ಧ ಕೆಲಸ ಕಾಯುವುದು, ಇನ್ನರ್ಧ ಅವಸರದವರನ್ನು ಕಾಯಿಸುವುದು. ಗಾಬರಿಬಿದ್ದ ಗಂಡಂದಿರು, ಅತ್ತೆಯರು, ಕೆಲವೊಮ್ಮೆ ಹೊಸ ಡಾಕ್ಟರುಗಳು ಕೂಡ ನನ್ನ ಒಂದು ಮಾತಿಗೆ ತೆಪ್ಪಗಾಗುತ್ತಾರೆ. ಆ ಮಾತು ನನಗೆ ಸಿಕ್ಕಿದ್ದು ಆ ಹುಳುಮನೆಯಲ್ಲಿ, ಆ ಗುರುವಾರ. ಇದನ್ನು ಹೇಳಿಕೊಳ್ಳಲು ನನಗೆ ತುಂಬ ಸಂತೋಷವಾಗುತ್ತದೆ.

ಪೆಟ್ಟಿಗೆಯನ್ನು ಬೆಂಗಳೂರಿಗೆ ಕಳಿಸುವ ಮುಂಚೆ ಅತ್ತೆ ಅದನ್ನು ಅಂಗಾತ ಮಲಗಿಸಿ, ಹೊಟ್ಟೆಗೆ ಅರಿಶಿನದ ಬೊಟ್ಟಿಟ್ಟರು. ಬೇರೆ ಪೆಟ್ಟಿಗೆ ಕೊಟ್ಟು ಯಾಮಾರಿಸಿದರೆ ಗೊತ್ತಾಗಬೇಕಲ್ಲ ಎಂದರು. ಡಿಸ್ಕನ್ನು ಹತ್ತಿ ಬಟ್ಟೆಯಲ್ಲಿ ಸುತ್ತಿ, ರೇಷ್ಮೆ ಮೊಟ್ಟೆಯ ಹಾಳೆಗಳನ್ನು ತಂದಾಗ ಇಡುತ್ತಿದ್ದ ಮಣ್ಣಿನ ಮಡಕೆಯಲ್ಲಿಟ್ಟು, ಮುಚ್ಚಳ ಮುಚ್ಚಿದರು. ಹೊಸ ಮೊಟ್ಟೆ ಬಂತು, ಅದಕ್ಕೆ ಬೇರೆ ಮಡಕೆ ಹುಡುಕಿಕೊಂಡರು. ಮಧ್ಯಾಹ್ನದ ಹೊತ್ತು ಅಪ್ಪ ಅಡ್ಡಿಯಿಲ್ಲದೆ ವಾರ್ತೆ ನೋಡಿದರು. ಒಂದು ವಾರ ನೋಡಿ ಅವರಿಗೇ ಬೇಜಾರಾಯಿತು. ಎಲ್ಲಿ ಹೋಯ್ತೋ ನಿಮ್ಮ ಗೌರಿ ಎಂದು ಚಿಕ್ಕಪ್ಪನನ್ನು ಪೀಡಿಸತೊಡಗಿದರು. ಅತ್ತೆ ಒಂದು ಸಲವೂ ಕೇಳಲಿಲ್ಲ. ದಾರಿಯಲ್ಲಿ ಸಿಕ್ಕ ಗಿರಣಿಯ ಹೆಂಗಸರೆಲ್ಲ ಕೇಳಿದರು, ‘ಏನಕ್ಕ, ಎದ್ದಿತಾ?’ ಎಂದು. “ಏಳ್ತದೆ” ಎನ್ನುತ್ತಿದ್ದರು ಅತ್ತೆ.

ಪೆಟ್ಟಿಗೆ ಬಂದ ದಿನ ಅತ್ತೆ ಮೊದಲು ಅದರ ಹೊಟ್ಟೆ ನೋಡಿದರು. ಬೊಟ್ಟು ಮಾಸಿತ್ತು, ಆದರೆ ಇತ್ತು. ಫ್ಯಾನು ಈಗ ಮನೆಯಲ್ಲಿದೆಯೆಂದೇ ಗೊತ್ತಾಗದಷ್ಟು ಮೆತ್ತಗೆ ತಿರುಗುತ್ತಿತ್ತು. ಒಳಗೆ ಎಲ್ಲ ಖಾಲಿ, ಹೇಳಿದ ಹಾಗೆಯೇ. ಮತ್ತೆ ಗೋಣಿಚೀಲ, ಮತ್ತೆ ನೀರಿನ ಬಟ್ಟಲು, ಮತ್ತೆ ಸುಣ್ಣದ ಗೆರೆ. ಹುಳುಮನೆಯಲ್ಲಿ ಈಗ ನಿಜವಾದ ಹುಳುಗಳಿದ್ದುದರಿಂದ ಸ್ಟ್ಯಾಂಡನ್ನು ನಡುಮನೆಗೆ ತಂದರು. ಗಿರಣಿಗೆ ಯಾರೂ ಹೋಗಬೇಕಾಗಲಿಲ್ಲ, ಸುದ್ದಿ ತಿಳಿದ ನಂಜುಂಡಪ್ಪ ತಾನೇ ಮಿಷನ್ನು ನಿಲ್ಲಿಸಿ ಬಂದು ಜಗಲಿಯಲ್ಲಿ ಕೂತ. ಅವನ ಹಿಂದೆ ರಾಗಿ ಚೀಲದವರೂ ಬಂದರು. ಅಮ್ಮ ಬೆಳಗ್ಗೆಯೇ ಸಾರಿಗೆ ಬೇಳೆ ಬೇಯಿಸಿ, ಒಗ್ಗರಣೆ ಸೌಟಿಗೆ ಎಣ್ಣೆ ಹುಯ್ದು, ಸಾಸಿವೆಯ ಡಬ್ಬಿ ಪಕ್ಕದಲ್ಲಿಟ್ಟುಕೊಂಡು ಒಲೆ ಹಚ್ಚದೆ ಕಾದಳು. ಈ ಸಲವೂ ಪಟ್ಟಿ ತುದಿಯ ಹತ್ತಿರ ನಿಂತಿತು. ಎಲ್ಲರೂ ಸಾಸಿವೆಯಷ್ಟು ದೀಪವನ್ನೇ ನೋಡುತ್ತ ಕೂತೆವು.

ಪಟ್ಟಿ ತುದಿ ಮುಟ್ಟಿತು. ಪೆಟ್ಟಿಗೆ ಒಮ್ಮೆ ಆರಿ ಹೊತ್ತಿಕೊಂಡಿತು. ನಾನು ತೋಟದ ಆಟ ತೆಗೆದು ರಿಮೋಟನ್ನು ಅತ್ತೆಯ ಕೈಗೆ ಕೊಟ್ಟೆ. ಪರದೆ ಸ್ವಲ್ಪ ಹೊತ್ತು ಕಪ್ಪಗಿತ್ತು. ಆಮೇಲೆ ಬೆಳಗಾಯಿತು, ಬೇಲಿ ಕಂಡಿತು, ಹೂವು ಕಂಡವು, ಗೇಟು ಕಂಡಿತು. ಅತ್ತೆ ಎದ್ದು ಟಿವಿಯ ಹತ್ತಿರ ಹೋಗಿ ಬೋರ್ಡಿನ ಮೇಲೆ ಬೆರಳಿಟ್ಟು, ತಮ್ಮ ಅಕ್ಷರಗಳನ್ನು ಒಂದೊಂದಾಗಿ ಮುಟ್ಟಿದರು. ಯಾರೂ ಓದಿಹೇಳಲಿಲ್ಲ. ಆಮೇಲೆ ಬಂದು ಕೂತು ಕೊಟ್ಟಿಗೆಯ ಬಾಗಿಲು ತೆಗೆದರು. ಗೌರಿ ಹೊರಗೆ ಬಂತು, ಅದರ ಹಿಂದೆ ಕರು. ಜಗಲಿಯಲ್ಲಿ ನಂಜುಂಡಪ್ಪ ಚಪ್ಪಾಳೆ ತಟ್ಟಿದ.

ರೇಷ್ಮೆಯಲ್ಲಿ ಒಂದು ನಿಯಮವಿದೆ. ಜ್ವರದಿಂದ ಮೊದಲು ಎದ್ದ ಹುಳ ಹಸಿದಿದೆ ಎಂದು ಸೊಪ್ಪು ಹಾಕಬಾರದು, ತಟ್ಟೆಯ ಹುಳುಗಳೆಲ್ಲ ಏಳುವವರೆಗೆ ಕಾಯಬೇಕು. ಅತ್ತೆ ಕೋಳಿಗಳನ್ನು ನೋಡಿದರು, ಟೊಮೇಟೊ ಸಾಲುಗಳನ್ನು ನೋಡಿದರು, ಈರುಳ್ಳಿ ನೋಡಿದರು, ಬೇಲಿಯ ಕೊನೆಯ ಹೂವಿನವರೆಗೂ ನಡೆದುಹೋಗಿ ನೋಡಿ ಬಂದರು. ಆಮೇಲೆ ಅಡುಗೆಮನೆಯ ಕಡೆ ತಿರುಗಿದರು.

“ಎಲ್ಲಾ ಎದ್ದವೆ ಕಣಮ್ಮ. ಒಗ್ಗರಣೆ ಹಾಕು.”

ಒಲೆ ಹೊತ್ತಿದ ಸದ್ದು ಕೇಳಿತು. ಸ್ವಲ್ಪ ಹೊತ್ತಿಗೆ ಸಾಸಿವೆ ಸಿಡಿಯಿತು.